ಮೆಣಸಿನಕಾಯಿಗೆ ಹಳೇ ರೇಟು ಗೊತ್ತಿಲ್ಲ

ಪ್ರಶ್ನೆ: ಅಕ್ಕಾರಿಗೆ ನಮಸ್ಕಾರ. ನಮ್ಮದು ಬ್ಯಾಡಗಿ ತಾಲ್ಲೂಕಿನ ಒಂದು ಹಳ್ಳಿ. 12 ಕ್ವಿಂಟಲ್ ಕಡ್ಡಿ ಮೆಣಸಿನಕಾಯಿ ಕೋಲ್ಡ್ ಸ್ಟೋರೇಜಿನಲ್ಲಿ ಇಟ್ಟು 14 ತಿಂಗಳಾಯಿತು. ಇಡುವ ಮುಂಚೆ ಕ್ವಿಂಟಲ್‌ಗೆ 24,000 ಕೇಳಿದ್ದರು. ನಮ್ಮ ಮನೆಯವರು ಕೊಡಲಿಲ್ಲ. ಅದರ ಹಿಂದಿನ ವರ್ಷ 42,000ಕ್ಕೆ ಮಾರಿದ್ದೆವು, ಅದೇ ಅವರ ತಲೆಯಲ್ಲಿ ಕೂತಿದೆ. ಈಗ ಆ ಮಾಲಿಗೆ 19,000 ಅಂತಾರೆ. ಈ ವರ್ಷದ ಹೊಸ ಮಾಲು 6 ಕ್ವಿಂಟಲ್ ಮಾತ್ರ ಬಂತು. ಅದನ್ನು 21,000ಕ್ಕೆ ಕೊಟ್ಟುಬಿಟ್ಟರು, ಮನೆ ಖರ್ಚಿಗೆ ಆಯಿತು. ಹಳೇದನ್ನು ಮಾತ್ರ ಮುಟ್ಟಲ್ಲ. ಹೋದ ವರ್ಷ ಬಿತ್ತನೆಗೆ ಅಂತ ನನ್ನ ಬಂಗಾರದ ಬೋರಮಾಳ, ಪಾಟ್ಲಿ ಒಂದು ಫೈನಾನ್ಸ್‌ನಲ್ಲಿ ಅಡ ಇಟ್ಟು 2 ಲಕ್ಷ ತಂದೆವು. ತಿಂಗಳಿಗೆ ನೂರಕ್ಕೆ ಒಂದೂವರೆ ರೂಪಾಯಿ ಬಡ್ಡಿ. ಮಗಳ ಮದುವೆಗೆ ಅಂತ ಬ್ಯಾಂಕಿನಲ್ಲಿ 3 ಲಕ್ಷ ಎಫ್‌ಡಿ ಇದೆ, ಅದನ್ನು ಮುಟ್ಟಬಾರದು ಅಂತ ಇಟ್ಟಿದ್ದೇವೆ. ಸ್ಟೋರೇಜ್ ಬಾಡಿಗೆ ಇಲ್ಲಿವರೆಗೆ 7,000 ಆಗಿದೆ. ಮಗ ಹುಬ್ಬಳ್ಳಿಯಲ್ಲಿ ಕೆಲಸಕ್ಕಿದ್ದಾನೆ. ಮೊಬೈಲ್‌ನಲ್ಲಿ ಆಪ್ಷನ್ ಟ್ರೇಡಿಂಗ್ (ಶೇರಿನ ರೇಟು ಏರುತ್ತದೋ ಇಳಿಯುತ್ತದೋ ಅನ್ನುವುದರ ಮೇಲೆ ರೊಕ್ಕ ಹಾಕುವುದು) ಮಾಡಿ 70,000 ಕಳೆದಿದ್ದಾನೆ. ‘ಇನ್ನೊಂದು 30,000 ಕೊಡ್ರಿ, ಹೋದದ್ದೆಲ್ಲ ತಗೀತೀನಿ’ ಅಂತಾನೆ. ನಮ್ಮ ಮನೆಯವರು ಪೈಸೆ ಪೈಸೆ ಲೆಕ್ಕ ಇಡುವವರು. ನಾವೇನು ಅಷ್ಟು ದಡ್ಡರಾ? ಎಲ್ಲಿ ತಪ್ಪುತ್ತಿದೆ? ಊರಲ್ಲಿ ಒಂದು ಭಿಶಿ (ಚೀಟಿ ಫಂಡ್) ಹಾಕಿದ್ದೇನೆ, ಅದನ್ನೂ ಬಿಡಬೇಕೇನು?

ಉತ್ತರ: ನಿಮ್ಮ ಪತ್ರ ಓದಿ ನಾನು ಮೊದಲು ಮಾಡಿದ ಕೆಲಸ ಅಂದರೆ ಕ್ಯಾಲ್ಕುಲೇಟರ್ ತಗೊಂಡು ಕೂತದ್ದು. ಅದನ್ನೇ ಮೊದಲು ಹೇಳುತ್ತೇನೆ. ದಲಾಲಿ, ಹಮಾಲಿ ಪಕ್ಕಕ್ಕಿಡೋಣ, ಎರಡೂ ಕಡೆ ಅದು ಇದ್ದೇ ಇರುತ್ತದೆ.

ಅವತ್ತು 24,000ಕ್ಕೆ ಕೊಟ್ಟಿದ್ದರೆ 12 ಕ್ವಿಂಟಲ್‌ಗೆ 2,88,000 ಬರುತ್ತಿತ್ತು. ಆ ರೊಕ್ಕದಲ್ಲಿ ಬಿತ್ತನೆ ಆಗುತ್ತಿತ್ತು, ನಿಮ್ಮ ಬಂಗಾರ ಫೈನಾನ್ಸಿಗೆ ಹೋಗುತ್ತಲೇ ಇರಲಿಲ್ಲ. ಸಾಲವೂ ಮಾಲು ಇಟ್ಟ ಹೊತ್ತಿನದೇ ಅಂತ ಹಿಡಿದರೆ 14 ತಿಂಗಳಿಗೆ ಬಡ್ಡಿ 42,000. ಬಾಡಿಗೆ 7,000. ಅಂದರೆ ‘ಅವತ್ತು ಕೊಡದೇ ಇದ್ದದ್ದು ಸರಿಯಾಯಿತು’ ಅಂತ ಹೇಳಬೇಕಾದರೆ ಇವತ್ತು ನಿಮಗೆ 3,37,000 ಸಿಗಬೇಕು. ಕ್ವಿಂಟಲ್‌ಗೆ 28,000ಕ್ಕಿಂತ ಸ್ವಲ್ಪ ಮೇಲೆ. ನಿಮ್ಮ ಮನೆಯವರು 24,000 ಬಂದರೆ ಸಾಕು ಅಂತ ಕಾಯುತ್ತಿದ್ದರೆ, ಅವರು ಕಾಯುತ್ತಿರುವ ಆ 24,000 ಈಗ ಇಲ್ಲವೇ ಇಲ್ಲ. ಅದು ತಿಂಗಳು ತಿಂಗಳು ಮೇಲೆ ಸರಿಯುತ್ತಿದೆ. ಬಡ್ಡಿ ಮೂರು ಸಾವಿರ, ಬಾಡಿಗೆ ಐದುನೂರು. 12 ಕ್ವಿಂಟಲ್‌ಗೆ ಹಂಚಿದರೆ ಕ್ವಿಂಟಲ್‌ಗೆ ತಿಂಗಳಿಗೆ ಹತ್ತಿರ ಹತ್ತಿರ 290 ರೂಪಾಯಿ. ರೇಟು ಪ್ರತಿ ತಿಂಗಳು ಅಷ್ಟು ಏರಿದರೆ ಮಾತ್ರ ನೀವು ಇದ್ದಲ್ಲೇ ಇರುತ್ತೀರಿ.

ಪೈಸೆ ಪೈಸೆ ಲೆಕ್ಕ ಇಡುವವರಿಗೆ ಇದು ಯಾಕೆ ಕಾಣಲಿಲ್ಲ? ನೀವು ಕೇಳಿದ ನಿಜವಾದ ಪ್ರಶ್ನೆ ಇದೇ ಅಲ್ವಾ. ಅವರು ದಡ್ಡರಾಗಿದ್ದರೆ ಉತ್ತರ ಸುಲಭ ಇತ್ತು.

ತಕ್ಕಡಿ ನೋಡಿದ್ದೀರಲ್ಲ. ಕೆಲವು ತಕ್ಕಡಿ ಖಾಲಿ ಇದ್ದಾಗಲೇ ಒಂದು ಕಡೆ ಚೂರು ವಾಲಿರುತ್ತದೆ. ತೂಗುವವನು ಪ್ರಾಮಾಣಿಕ, ಕಲ್ಲು ಸರಿ, ಆದರೂ ತೂಕ ತಪ್ಪು. ನಮ್ಮೆಲ್ಲರ ಮನಸ್ಸೂ ರೊಕ್ಕದ ವಿಷಯದಲ್ಲಿ ಹೀಗೆ ವಾಲಿರುತ್ತದೆ. ಡೇನಿಯಲ್ ಕಾನೆಮನ್ ಮತ್ತು ಏಮಸ್ ಟ್ವರ್ಸ್ಕಿ ಅನ್ನುವ ಇಬ್ಬರು ಮನಶ್ಶಾಸ್ತ್ರಜ್ಞರು 1979ರಲ್ಲಿ ಇದನ್ನು ತೂಗಿ ತೋರಿಸಿದರು. ಕಾನೆಮನ್‌ಗೆ 2002ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂತು. ಟ್ವರ್ಸ್ಕಿ ಅಷ್ಟರೊಳಗೆ ತೀರಿಕೊಂಡಿದ್ದರು.

ಅವರು ಜನರಿಗೆ ಕೇಳಿದ ಎರಡು ಪ್ರಶ್ನೆಯನ್ನು ನಿಮ್ಮ ಮನೆಯಲ್ಲೂ ಕೇಳಿ ನೋಡಿ. ಮೊದಲನೆಯದು: 3,000 ಖಂಡಿತ ಕೊಡುತ್ತೇನೆ. ಇಲ್ಲವೇ ಚೀಟಿ ಎತ್ತು, ನೂರಕ್ಕೆ 80 ಸಲ 4,000 ಬರುತ್ತದೆ, 20 ಸಲ ಏನೂ ಇಲ್ಲ. ನೂರರಲ್ಲಿ 80 ಜನ ‘ಖಂಡಿತ ಇರೋದನ್ನ ಕೊಡಪ್ಪ’ ಅಂದರು. ಎರಡನೆಯದು ಅದರ ತಿರುವು: 3,000 ಖಂಡಿತ ಕಳೆದುಕೊಳ್ಳುತ್ತೀಯ. ಇಲ್ಲವೇ ಚೀಟಿ ಎತ್ತು, ನೂರಕ್ಕೆ 80 ಸಲ 4,000 ಹೋಗುತ್ತದೆ, 20 ಸಲ ಏನೂ ಹೋಗುವುದಿಲ್ಲ. ಈಗ 92 ಜನ ಚೀಟಿ ಎತ್ತುತ್ತೇವೆ ಅಂದರು! ಸರಾಸರಿ ಲೆಕ್ಕ ಹಾಕಿದರೆ ಚೀಟಿಯಲ್ಲಿ ಜಾಸ್ತಿ ಹೋಗುತ್ತದೆ, 3,200. ಆದರೂ ಎತ್ತುತ್ತಾರೆ. ಯಾಕೆಂದರೆ ಅದರಲ್ಲಿ ‘ಏನೂ ಹೋಗದೇ ಇರಬಹುದು’ ಅನ್ನುವ ಸಣ್ಣ ಕಿಂಡಿ ಇದೆ.

ಲಾಭದಲ್ಲಿ ಇದ್ದಾಗ ನಾವು ಅಂಜುಬುರುಕರು, ನಷ್ಟದಲ್ಲಿ ಇದ್ದಾಗ ಜೂಜುಕೋರರು. ಒಬ್ಬನೇ ಮನುಷ್ಯ, ಒಂದೇ ದಿನ, ಎರಡೂ ಆಗಬಲ್ಲ.

ಈಗ ನಿಮ್ಮ ಪತ್ರದಲ್ಲಿ ನೀವೇ ಬರೆದ, ಆದರೆ ನೀವೇ ಗಮನಿಸದ ಒಂದು ಸಾಲಿಗೆ ಬರುತ್ತೇನೆ. ಹೊಸ ಮಾಲು 21,000ಕ್ಕೆ ಕೊಟ್ಟುಬಿಟ್ಟರು ಅಂದಿರಿ. ಜಗಳ ಇಲ್ಲ, ನಿದ್ದೆಗೆಟ್ಟದ್ದಿಲ್ಲ. ಅದೇ ಹೊಲ, ಅದೇ ಮಾರುಕಟ್ಟೆ. ಹಳೇ ಮಾಲಿಗೆ ಮಾತ್ರ 19,000 ಆಗಲ್ಲ. ಯಾಕೆ? ಹೊಸ ಮಾಲಿಗೆ 24,000 ಅಂತ ಯಾರೂ ಕೇಳಿರಲಿಲ್ಲ. ಅದಕ್ಕೆ ಹಳೇ ನೆನಪಿಲ್ಲ, ಹಾಗಾಗಿ 21,000 ಅಂದರೆ ಬಂದ ರೊಕ್ಕ. ಹಳೇ ಮಾಲಿಗೆ 24,000 ಅನ್ನುವ ಚೀಟಿ ಅಂಟಿಕೊಂಡಿದೆ, ಅದರ ಕೆಳಗೆ 42,000 ಅನ್ನುವ ಇನ್ನೊಂದು. ಹಾಗಾಗಿ 19,000 ಅಂದರೆ ಕಳೆದ ರೊಕ್ಕ. ಮಾರಿದ ದಿನ ನಷ್ಟ ಪಟ್ಟಿಯ ಮೇಲೆ ಬರೆದುಬರುತ್ತದೆ. ಮಾರದಿದ್ದರೆ ಇನ್ನೂ ಕಿಂಡಿ ತೆರೆದೇ ಇದೆ.

ಶೇರು ಪೇಟೆಯವರೂ ಇದನ್ನೇ ಮಾಡುತ್ತಾರೆ, ಸಮಾಧಾನ ಮಾಡಿಕೊಳ್ಳಿ. ಟೆರೆನ್ಸ್ ಓಡೀನ್ ಅನ್ನುವವರು ಅಮೆರಿಕದ 10,000 ಖಾತೆಗಳನ್ನು ನೋಡಿ 1998ರಲ್ಲಿ ಬರೆದರು: ಜನ ಲಾಭದಲ್ಲಿರುವ ಶೇರನ್ನು ಬೇಗ ಮಾರುತ್ತಾರೆ, ನಷ್ಟದಲ್ಲಿರುವುದನ್ನು ಎದೆಗವಚಿಕೊಂಡು ಕೂರುತ್ತಾರೆ. ವಿಚಿತ್ರ ಅಂದರೆ, ಮಾರಿದ ಶೇರುಗಳೇ ಮುಂದೆ ಹಿಡಿದಿಟ್ಟವಕ್ಕಿಂತ ಚೆನ್ನಾಗಿ ಏರಿದ್ದವು. ಓದಿದವರು, ಕಂಪ್ಯೂಟರ್ ಮುಂದೆ ಕೂತವರು, ಅವರದ್ದೇ ಈ ಕಥೆ.

ನಾನು ಬ್ಯಾಂಕಿನಲ್ಲಿ ಇದ್ದಾಗ ಕೆಲವು ವರ್ಷ ಹಾವೇರಿ ಕಡೆ ಕೆಲಸ ಮಾಡಿದ್ದೆ. ಸಾಲದ ಕೆಲಸಕ್ಕೆ ಸೋಮವಾರ, ಗುರುವಾರ ಬ್ಯಾಡಗಿ ಮಾರುಕಟ್ಟೆಗೆ ಹೋಗುವುದು ಇರುತ್ತಿತ್ತು. ಘಾಟಿಗೆ ಸೀನಿ ಸೀನಿ ಸಾಕಾಗುತ್ತಿತ್ತು, ಸೆರಗು ಮೂಗಿಗೆ ಕಟ್ಟಿಕೊಂಡೇ ಒಳಗೆ. ಒಂದು ದಲಾಲಿ ಅಂಗಡಿ ಮುಂದೆ ಒಬ್ಬ ರೈತರು ತಮ್ಮ ರಾಶಿ ಪಕ್ಕ ಕುಕ್ಕರಗಾಲಲ್ಲಿ ಕೂತಿದ್ದರು. ಖರೀದಿದಾರ ಬಂದ, ರಾಶಿಯೊಳಗೆ ಕೈ ಹಾಕಿ ಒಂದು ಹಿಡಿ ತೆಗೆದ, ಹಿಚುಕಿ ನೋಡಿದ, ಮತ್ತೆ ಉದುರಿಸಿ ಚೀಟಿ ಬರೆದು ಮುಂದಿನ ರಾಶಿಗೆ ಹೋದ. ಹತ್ತು ಸೆಕೆಂಡ್ ಆಗಿರಬೇಕು. ಆ ರೈತರು ಒಂದು ಕಾಯಿ ಮುರಿದು ನನ್ನ ಮುಂದೆ ಹಿಡಿದರು. ‘ಬಣ್ಣ ನೋಡ್ರಿ ಮೇಡಂ, ಈ ಬಣ್ಣ ನೋಡ್ರಿ. ಅವ ಸರಿಯಾಗಿ ನೋಡಲೇ ಇಲ್ಲ’ ಅಂದರು. ಬೆರಳೆಲ್ಲ ಕೆಂಪಾಗಿತ್ತು. ಅವರು ನೋಡುತ್ತಿದ್ದುದು ಸಸಿ ಹಚ್ಚಿದ್ದು, ನೀರು ಕಟ್ಟಿದ್ದು, ಹೆಂಡತಿ ಮಕ್ಕಳು ಬಗ್ಗಿ ಕಾಯಿ ಬಿಡಿಸಿದ್ದು. ಖರೀದಿದಾರ ನೋಡಿದ್ದು ತೇವ ಮತ್ತು ಬಣ್ಣ.

ಕೈಗೆ ಬಂದ ವಸ್ತುವಿಗೆ ನಾವು ಜಾಸ್ತಿ ಬೆಲೆ ಕಟ್ಟುತ್ತೇವೆ. ಕಾನೆಮನ್ ಮತ್ತು ಜೊತೆಗಾರರು 1990ರಲ್ಲಿ ಇದನ್ನು ಸಾದಾ ಕಾಫಿ ಮಗ್ ಇಟ್ಟುಕೊಂಡು ತೋರಿಸಿದರು. ಮಗ್ ಕೈಗೆ ಸಿಕ್ಕ ವಿದ್ಯಾರ್ಥಿಗಳು ಅದನ್ನು ಕೊಡಲು ಕೇಳಿದ ಬೆಲೆ, ಸಿಗದವರು ಕೊಳ್ಳಲು ಒಪ್ಪಿದ ಬೆಲೆಗಿಂತ ಸುಮಾರು ಎರಡು ಪಟ್ಟು. ಅರ್ಧ ಗಂಟೆ ಹಿಂದೆ ಪುಕ್ಕಟೆ ಸಿಕ್ಕ ಮಗ್ಗಿಗೇ ಹೀಗಾದರೆ, ಆರು ತಿಂಗಳು ಬೆವರು ಸುರಿಸಿ ಬೆಳೆದ ಮೆಣಸಿನಕಾಯಿಗೆ ಹೇಗಾಗಬೇಡ?

ಇಷ್ಟು ಹೇಳಿದ ಮೇಲೆ ಒಂದು ಮಾತು ಸೇರಿಸಲೇಬೇಕು. ಬ್ಯಾಡಗಿಯಲ್ಲಿ 2024ರ ಮಾರ್ಚ್ 11ರಂದು ರೇಟು ಕುಸಿದಾಗ ರೈತರು ರೊಚ್ಚಿಗೆದ್ದು ಎಪಿಎಂಸಿ ಕಚೇರಿಗೆ ನುಗ್ಗಿದರು, ವಾಹನಗಳು ಸುಟ್ಟವು. ನಿಮಗೆ ನನಗಿಂತ ಚೆನ್ನಾಗಿ ಗೊತ್ತು. ಎಲ್ಲವನ್ನೂ ‘ಮನಸ್ಸಿನ ವಾಲು’ ಅಂತ ರೈತನ ತಲೆಗೆ ಕಟ್ಟುವವಳು ನಾನಲ್ಲ. ಬೆಳೆಯುವವನಿಗೆ ಬೆಲೆ ಮೇಲೆ ಹಿಡಿತ ಇಲ್ಲದಿರುವುದು ಬೇರೆಯದೇ ಸಂಕಟ, ಅದಕ್ಕೆ ಮನಶ್ಶಾಸ್ತ್ರದಲ್ಲಿ ಮದ್ದಿಲ್ಲ. ನಾನು ಹೇಳುತ್ತಿರುವುದು ನಿಮ್ಮ ಕೈಯಲ್ಲಿ ಇರುವುದರ ಬಗ್ಗೆ ಮಾತ್ರ.

ದಡ್ಡರಾ ಅಂತ ಕೇಳಿದಿರಲ್ಲ, ಅದಕ್ಕೂ ಒಂದು ಉತ್ತರ ಇದೆ. ತಮಿಳುನಾಡಿನ ಕಬ್ಬು ಬೆಳೆಗಾರರ ಮೇಲೆ ನಡೆದ ಒಂದು ಅಧ್ಯಯನ 2013ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಬಂತು. ಅದೇ ರೈತರಿಗೆ ಎರಡು ಸಲ ಬುದ್ಧಿಯ ಪರೀಕ್ಷೆ ಕೊಟ್ಟರು. ಕಟಾವಿಗೆ ಮೊದಲು, ಕೈ ಬರಿದಾಗಿ ಬಂಗಾರ ಅಡ ಇಟ್ಟ ಹೊತ್ತಿನಲ್ಲಿ ಒಮ್ಮೆ. ಕಟಾವಾಗಿ ರೊಕ್ಕ ಬಂದ ಮೇಲೆ ಇನ್ನೊಮ್ಮೆ. ಮೊದಲನೇ ಸಲ ಕಡಿಮೆ ಅಂಕ, ಎರಡನೇ ಸಲ ಜಾಸ್ತಿ. ಮನುಷ್ಯ ಅದೇ, ತಲೆ ಅದೇ. ರೊಕ್ಕದ ಚಿಂತೆ ತಲೆಯೊಳಗೆ ಜಾಗ ತಿನ್ನುತ್ತದೆ, ಉಳಿದದ್ದಕ್ಕೆ ಜಾಗ ಸಾಲುವುದಿಲ್ಲ. ನಿಮ್ಮ ಮನೆಯವರು ಈಗ ಸರಿಯಾಗಿ ಯೋಚಿಸುತ್ತಿಲ್ಲ ಅಂದರೆ, ಯೋಚಿಸಲು ಆಗದಂಥ ಜಾಗದಲ್ಲಿ ಸಿಕ್ಕಿದ್ದಾರೆ ಅಂತ ಅರ್ಥ.

ಇನ್ನು 42,000ದ ಮಾತು. ಮನಸ್ಸಿಗೆ ಮೊದಲು ಬಿದ್ದ ಅಂಕಿ ಗೂಟ ಇದ್ದ ಹಾಗೆ, ನಾವು ಹಗ್ಗದ ಉದ್ದದಷ್ಟೇ ಸುತ್ತುತ್ತೇವೆ. ಇದಕ್ಕೆ ನಾನೇ ಸಾಕ್ಷಿ. ಹುಬ್ಬಳ್ಳಿಯ ಒಂದು ಸೀರೆ ಅಂಗಡಿಯಲ್ಲಿ ಇಳಕಲ್ ಸೀರೆ ಮೇಲೆ 4,200 ಅಂತ ಚೀಟಿ ಇತ್ತು. ಚೌಕಾಸಿ ಮಾಡಿ 2,600ಕ್ಕೆ ಇಳಿಸಿ, ಗೆದ್ದವಳ ಹಾಗೆ ಮನೆಗೆ ಬಂದೆ. ನೇಕಾರರ ಮನೆಯ ಗೆಳತಿ ಸೆರಗು ಮುಟ್ಟಿ ನೋಡಿ, ‘ಸಾವಿರದ ಒಂಬೈನೂರಕ್ಕೆ ನಾನೇ ಕೊಡಿಸ್ತಿದ್ದೆ’ ಅಂದಳು. 4,200 ಅನ್ನುವುದು ಯಾರೋ ಪೆನ್ನಲ್ಲಿ ಬರೆದ ಅಂಕಿ. ಅದನ್ನು ನಾನು ಬೆಲೆ ಅಂದುಕೊಂಡಿದ್ದೆ. ಮೂವತ್ತು ವರ್ಷ ಬ್ಯಾಂಕಿನಲ್ಲಿ ಕೂತವಳು! ನಿಮ್ಮ 42,000 ನಿಜವಾಗಿ ಸಿಕ್ಕ ರೇಟು, ಒಪ್ಪುತ್ತೇನೆ. ಆದರೆ ಅದು ಆ ವರ್ಷದ ಮಳೆ, ಆ ವರ್ಷದ ಆವಕ, ಆ ವರ್ಷದ ಬೇಡಿಕೆಯ ರೇಟು. ಸ್ಟೋರೇಜಿನಲ್ಲಿ ಕೂತ ಮೆಣಸಿನಕಾಯಿಗೆ ಅದು ಗೊತ್ತಿಲ್ಲ, ಖರೀದಿದಾರನಿಗೆ ಬೇಕಾಗಿಲ್ಲ. ಇನ್ನೊಂದು, ‘ಏರ್ತದ ತಡೀರಿ’ ಅಂದವರ ಮಾತು ಮಾತ್ರ ನಮಗೆ ನೆನಪಿರುತ್ತದೆ. ‘ಕೊಟ್ಟುಬಿಡ್ರಿ’ ಅಂದವರನ್ನು ಮರೆತುಬಿಡುತ್ತೇವೆ. ಯಾರು ಯಾವಾಗ ಏನಂದರು ಅಂತ ನಿಮ್ಮ ಮನೆಯವರು ಒಂದು ತಿಂಗಳು ನೋಟ್‌ಬುಕ್ಕಿನಲ್ಲಿ ಬರೆದಿಡಲಿ, ಅವರಿಗೇ ಕಾಣುತ್ತದೆ.

ಮೆಣಸಿನಕಾಯಿಗಿಂತ ನನಗೆ ಜಾಸ್ತಿ ಚಿಂತೆ ಆದದ್ದು ಬಂಗಾರದ ಸಾಲದ್ದು. ‘ಒಂದೂವರೆ ರೂಪಾಯಿ ಬಡ್ಡಿ.’ ಎಷ್ಟು ಸಣ್ಣದಾಗಿ ಕೇಳಿಸುತ್ತದೆ ನೋಡಿ. ಒಂದೂವರೆ ರೂಪಾಯಿಗೆ ಇವತ್ತು ಒಂದು ಕಪ್ ಚಹಾನೂ ಬರುವುದಿಲ್ಲ. ಅದನ್ನೇ ‘ವರ್ಷಕ್ಕೆ ನೂರಕ್ಕೆ 18’ ಅನ್ನಿ. ಅಥವಾ ‘ನಮ್ಮ 2 ಲಕ್ಷಕ್ಕೆ ವರ್ಷಕ್ಕೆ 36,000’ ಅನ್ನಿ. ಅರ್ಥ ಒಂದೇ, ಕೇಳಿಸುವುದು ಬೇರೆ. ನಮ್ಮ ಕಡೆ ಬಡ್ಡಿಯನ್ನು ತಿಂಗಳ ರೂಪಾಯಿಯಲ್ಲಿ, ಠೇವಣಿಯನ್ನು ವರ್ಷದ ಪರ್ಸೆಂಟಿನಲ್ಲಿ ಹೇಳುವ ರೂಢಿ ಇದೆ. ಎರಡನ್ನೂ ಪಕ್ಕಪಕ್ಕ ಇಟ್ಟರೆ ಬಡ್ಡಿ ‘ಒಂದೂವರೆ’, ಎಫ್‌ಡಿ ‘ಏಳು’. ಏಳು ದೊಡ್ಡದು ಅಂತ ಮನಸ್ಸು ಸುಮ್ನೆ ಸಮಾಧಾನ ಪಡುತ್ತದೆ! ನನ್ನ ಮುಂದೆ ಕೂತ ಎಷ್ಟೋ ಜನ ಈ ಎರಡನ್ನು ಒಂದೇ ಅಳತೆಗೆ ತಂದು ನೋಡಿಯೇ ಇರಲಿಲ್ಲ.

ನಿಮ್ಮ ಎಫ್‌ಡಿಗೆ 7 ಪರ್ಸೆಂಟ್ ಅಂತ ಹಿಡಿಯೋಣ. ಅದರಲ್ಲಿ 2 ಲಕ್ಷಕ್ಕೆ ವರ್ಷಕ್ಕೆ 14,000 ಬರುತ್ತದೆ. ಅದೇ 2 ಲಕ್ಷ ಸಾಲಕ್ಕೆ 36,000 ಕೊಡುತ್ತಿದ್ದೀರಿ. ಒಂದು ಕಿಸೆಯಿಂದ 22,000 ಸೋರುತ್ತಿದೆ. ಆದರೂ ಯಾಕೆ ಎಫ್‌ಡಿ ಮುಟ್ಟಲಿಲ್ಲ? ಅದರ ಮೇಲೆ ‘ಮಗಳ ಮದುವೆ’ ಅಂತ ಬರೆದಿದೆ. ರೊಕ್ಕಕ್ಕೆ ಹೀಗೆ ಹೆಸರಿಟ್ಟು ಬೇರೆ ಬೇರೆ ಡಬ್ಬಿಯಲ್ಲಿ ಇಡುವುದನ್ನು ರಿಚರ್ಡ್ ಥೇಲರ್ ವಿವರವಾಗಿ ಅಧ್ಯಯನ ಮಾಡಿದರು, 2017ರಲ್ಲಿ ಅವರಿಗೂ ನೊಬೆಲ್ ಬಂತು. ನಮ್ಮ ಅಜ್ಜಿಯರಿಗೆ ಇದು ಸಾಸಿವೆ ಡಬ್ಬಿಯಷ್ಟೇ ಹಳೆಯದು. 2016ರ ನವೆಂಬರ್‌ನಲ್ಲಿ ನೋಟು ರದ್ದಾದಾಗ ಬ್ಯಾಂಕಿನ ಕೌಂಟರ್ ಮುಂದೆ ಎಷ್ಟು ಹೆಣ್ಣುಮಕ್ಕಳು ಗಂಡನಿಗೆ ಕಾಣದ ಹಾಗೆ ಮಡಿಚಿದ ಐನೂರರ ನೋಟು ತಂದು ಇಟ್ಟರು ಅಂತ ನಾನು ಕಣ್ಣಾರೆ ಕಂಡಿದ್ದೇನೆ. ಆ ನೋಟಿಗೆ ಇಂಗಿನ ವಾಸನೆ ಬರುತ್ತಿತ್ತು.

ಈ ಡಬ್ಬಿ ಪದ್ಧತಿಯನ್ನು ತಪ್ಪು ಅಂತ ನಾನು ಹೇಳುವುದಿಲ್ಲ. ಕೆಲವು ಸಲಹೆಗಾರರು ‘ರೊಕ್ಕ ಎಲ್ಲ ಒಂದೇ, ಎಫ್‌ಡಿ ಮುರಿದು ಸಾಲ ತೀರಿಸಿ’ ಅಂತ ಒಂದೇ ಮಾತಿಗೆ ಹೇಳಿಬಿಡುತ್ತಾರೆ. ಲೆಕ್ಕ ಸರಿ. ಆದರೆ ಹೆಸರಿಟ್ಟ ಡಬ್ಬಿ ಒಮ್ಮೆ ಒಡೆದರೆ ಮತ್ತೆ ತುಂಬುವುದಿಲ್ಲ, ಅದೂ ನನಗೆ ಗೊತ್ತು. ಆ ಹೆಸರು ಇರುವುದರಿಂದಲೇ 3 ಲಕ್ಷ ಇನ್ನೂ ಉಳಿದಿದೆ. ಹಾಗಾಗಿ ಎಫ್‌ಡಿ ಮುರಿಯಬೇಡಿ. ಅದರ ಮೇಲೆ ಸಾಲ ತಗೊಳ್ಳಿ. ಬ್ಯಾಂಕುಗಳು ಠೇವಣಿಯ ಮೇಲೆ ಸಾಮಾನ್ಯವಾಗಿ ಶೇಕಡಾ 90ರವರೆಗೆ ಓವರ್‌ಡ್ರಾಫ್ಟ್ ಕೊಡುತ್ತವೆ, ಬಡ್ಡಿ ಎಫ್‌ಡಿ ದರಕ್ಕಿಂತ ಒಂದೆರಡು ಪರ್ಸೆಂಟ್ ಮೇಲೆ. 9 ಅಂತ ಹಿಡಿದರೂ ನೀವು ಈಗ ಕೊಡುವುದರ ಅರ್ಧ. ಡಬ್ಬಿ ಹಾಗೇ ಇರುತ್ತದೆ, ಹೆಸರೂ ಅಳಿಸುವುದಿಲ್ಲ.

ಈಗ ಏನು ಮಾಡಬೇಕು ಅನ್ನುವುದಕ್ಕೆ ಬರೋಣ.

ಬರೀ ಲೆಕ್ಕ ಕೇಳಿದರೆ 12 ಕ್ವಿಂಟಲ್ಲೂ ಒಟ್ಟಿಗೆ ಮಾರಿ ಸಾಲ ತೀರಿಸಿ ಅನ್ನುತ್ತದೆ. 2,28,000 ಬಂದರೆ ಸಾಲ ಹೋಗಿ 28,000 ಉಳಿಯುತ್ತದೆ. ಆದರೆ ಹದಿನಾಲ್ಕು ತಿಂಗಳು ಕಾದವರಿಗೆ ಅದು ಆಗದ ಮಾತು. ಮಾರಿದ ಮರುವಾರ ರೇಟು ಏರಿದರೆ ಜೀವನಪರ್ಯಂತ ಮನೆಯಲ್ಲಿ ಅದೇ ಮಾತು. ಏರಲೂಬಹುದು, ಯಾರಿಗೆ ಗೊತ್ತು? ಹಾಗಾಗಿ ನನ್ನ ಸಲಹೆ ಪಾಲು ಮಾಡಿ ಮಾರುವುದು. ಈ ತಿಂಗಳು 6 ಕ್ವಿಂಟಲ್ ಕೊಡಿ. 19,000ದ ಲೆಕ್ಕಕ್ಕೆ 1,14,000. ಎಫ್‌ಡಿ ಮೇಲೆ 86,000 ಓವರ್‌ಡ್ರಾಫ್ಟ್ ತಗೊಳ್ಳಿ. ಎರಡೂ ಸೇರಿಸಿ 2 ಲಕ್ಷ ಕಟ್ಟಿ ಬಂಗಾರ ಬಿಡಿಸಿಕೊಂಡು ಬನ್ನಿ. ತಿಂಗಳಿಗೆ 3,000 ಹೋಗುತ್ತಿದ್ದ ಬಡ್ಡಿ 645ಕ್ಕೆ ಇಳಿಯುತ್ತದೆ. ಉಳಿದ 6 ಕ್ವಿಂಟಲ್‌ನಲ್ಲಿ ಅರ್ಧ ಆಗಸ್ಟ್ ಒಳಗೆ, ಅರ್ಧ ದೀಪಾವಳಿ ಒಳಗೆ, ರೇಟು ಏನೇ ಇರಲಿ. ರೇಟು ಏರಿದರೆ ‘ಅರ್ಧ ಉಳಿಸಿದ್ದು ಒಳ್ಳೇದಾಯ್ತು’, ಇಳಿದರೆ ‘ಅರ್ಧ ಕೊಟ್ಟಿದ್ದು ಒಳ್ಳೇದಾಯ್ತು’. ಎರಡೂ ಕಡೆ ಒಂದು ಸಮಾಧಾನ ಇರುತ್ತದೆ. ಡಿಸೆಂಬರ್, ಜನವರಿಗೆ ಹೊಸ ಆವಕ ಶುರುವಾದರೆ ಎರಡು ವರ್ಷದ ಮಾಲನ್ನು ಯಾರು ಕೇಳುತ್ತಾರೆ? ಬ್ಯಾಡಗಿ ಮೆಣಸಿನಕಾಯಿಗೆ ಬೆಲೆ ಇರುವುದೇ ಬಣ್ಣಕ್ಕೆ. ತಂಪಿನಲ್ಲಿಟ್ಟರೂ ಬಣ್ಣ ನಿಧಾನಕ್ಕೆ ಇಳಿಯುತ್ತಲೇ ಇರುತ್ತದೆ.

ದಿನಾಂಕಗಳನ್ನು ಇವತ್ತೇ ಕಾಗದದಲ್ಲಿ ಬರೆದು ಇಬ್ಬರೂ ಸಹಿ ಹಾಕಿ. ನಗಬೇಡಿ. ಆಗಸ್ಟಿನಲ್ಲಿ ಮತ್ತೆ ಯಾರೋ ಬಂದು ‘ಇನ್ನೊಂದು ಹದಿನೈದು ದಿನ ತಡೀರಿ’ ಅಂದಾಗ, ವಾದ ಮಾಡಲು ನಿಮಗೆ ಬಲ ಇರುವುದಿಲ್ಲ. ಕಾಗದಕ್ಕೆ ಇರುತ್ತದೆ.

ಮನೆಯವರ ಹತ್ತಿರ ಮಾತು ಹೇಗೆ ತೆಗೆಯುವುದು ಅಂದರೆ, ‘ಅವತ್ತೇ ಕೊಡಬೇಕಿತ್ತು’ ಅಂತ ಮಾತ್ರ ಶುರು ಮಾಡಬೇಡಿ. ಅಲ್ಲಿಗೇ ಮುಗಿಯಿತು. ಊಟ ಆದ ಮೇಲೆ ಸುಮ್ಮನೆ ಒಂದು ಪ್ರಶ್ನೆ ಕೇಳಿ: ‘ಏನ್ರೀ, ನಾಳೆ ಯಾರರೆ ಬಂದು ನಮ್ಮ ಕೈಯಾಗ 2,28,000 ರೊಕ್ಕ ಇಟ್ಟರ, ಅದನ್ನ ತಗೊಂಡು ಪ್ಯಾಟಿಗೆ ಹೋಗಿ ಒಂದು ವರ್ಷದ ಹಳೇ ಮೆಣಸಿನಕಾಯಿ ತಗೊಂಡು ಬರ್ತೀರೇನು? ಅದೂ ನೂರಕ್ಕ ಹದಿನೆಂಟರ ಬಡ್ಡೀಲೆ?’ ‘ಹುಚ್ಚೇನು ನಿನಗ’ ಅಂತಾರೆ. ಅಷ್ಟಕ್ಕೇ ಬಿಡಿ, ಮುಂದೆ ಮಾತಾಡಬೇಡಿ. ಮಾರದೇ ಇಟ್ಟುಕೊಳ್ಳುವುದೂ ದಿನಾ ಅದನ್ನೇ ಕೊಂಡ ಹಾಗೆ ಅನ್ನುವುದು ಅವರಿಗೇ ಹೊಳೆಯಬೇಕು. ಒಂದೆರಡು ದಿನ ಹಿಡಿಯಬಹುದು.

ಈ ಸಲದ ಬಿತ್ತನೆಗೆ ಮತ್ತೆ ಫೈನಾನ್ಸಿನ ಮೆಟ್ಟಿಲು ಹತ್ತಬೇಡಿ. ಅಲ್ಲಿ ಅರ್ಧ ಗಂಟೆಯಲ್ಲಿ ರೊಕ್ಕ ಕೈಗೆ ಬರುತ್ತದೆ, ಸೊಸೈಟಿಗೆ ಉತಾರ (ಪಹಣಿ) ತಗೊಂಡು ನಾಲ್ಕು ಸಲ ಅಲೆಯಬೇಕು. ಇವತ್ತಿನ ನಾಲ್ಕು ಸಲದ ಅಲೆದಾಟ ಕಣ್ಣಿಗೆ ಗುಡ್ಡದ ಹಾಗೆ ಕಾಣುತ್ತದೆ, ವರ್ಷ ಪೂರ್ತಿ ಕಟ್ಟುವ 36,000 ಸಾಸಿವೆ ಹಾಗೆ. ಇದೂ ಅದೇ ವಾಲು. ಸಹಕಾರ ಸಂಘಗಳ ಮೂಲಕ 5 ಲಕ್ಷದವರೆಗೆ ಬಡ್ಡಿ ಇಲ್ಲದ ಅಲ್ಪಾವಧಿ ಬೆಳೆಸಾಲವನ್ನು ರಾಜ್ಯ ಸರ್ಕಾರ 2023ರಲ್ಲಿ ಘೋಷಿಸಿದೆ. ನಿಮಗೆ ಎಷ್ಟು ಸಿಗುತ್ತದೆ ಅನ್ನುವುದು ಜಮೀನು, ಹಳೇ ಬಾಕಿ, ಸಂಘದ ಸ್ಥಿತಿ ನೋಡಿ. ಕೇಳಿಯಾದರೂ ಬನ್ನಿ. ನಮ್ಮ ಪಕ್ಕದ ಗದಗ ಜಿಲ್ಲೆಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು 1905ರಲ್ಲೇ ಕೃಷಿ ಪತ್ತಿನ ಸಂಘ ಕಟ್ಟಿದ್ದರು. ಬಡ್ಡಿಯವರ ಕೈಯಿಂದ ರೈತ ಪಾರಾಗಲಿ ಅಂತಲೇ ಕಟ್ಟಿದ್ದು. ನೂರಿಪ್ಪತ್ತು ವರ್ಷ ಆದ ಮೇಲೂ ನಾವು ಬಂಗಾರ ತಗೊಂಡು ಎದುರುಗಡೆ ಅಂಗಡಿಗೇ ಹೋಗುತ್ತೇವೆ.

ಮಗನ ವಿಷಯ ಚಿಕ್ಕದಾಗಿ ಹೇಳುತ್ತೇನೆ, ಯಾಕೆಂದರೆ ಅದರಲ್ಲಿ ಯೋಚನೆ ಮಾಡುವಂಥದ್ದು ಏನೂ ಇಲ್ಲ. ಕೊಡಬೇಡಿ. ಶೇರು ಪೇಟೆಯ ಮೇಲೆ ಕಣ್ಣಿಡುವ ಸರ್ಕಾರಿ ಸಂಸ್ಥೆ ಸೆಬಿ 2024ರ ಸೆಪ್ಟೆಂಬರ್‌ನಲ್ಲಿ ಲೆಕ್ಕ ಬಿಡುಗಡೆ ಮಾಡಿತ್ತು. ಹಿಂದಿನ ಮೂರು ಹಣಕಾಸು ವರ್ಷಗಳಲ್ಲಿ ಫ್ಯೂಚರ್ಸ್ ಮತ್ತು ಆಪ್ಷನ್ಸ್‌ನಲ್ಲಿ ವ್ಯವಹಾರ ಮಾಡಿದ ವೈಯಕ್ತಿಕ ಟ್ರೇಡರ್‌ಗಳಲ್ಲಿ ನೂರಕ್ಕೆ 93 ಜನ ಕಳೆದುಕೊಂಡಿದ್ದಾರೆ, ಸರಾಸರಿ ಒಬ್ಬೊಬ್ಬರು ಸುಮಾರು 2 ಲಕ್ಷ. ಅವನು ಕೇಳುತ್ತಿರುವ 30,000 ಆ ಎರಡನೇ ಪ್ರಶ್ನೆಯ ಚೀಟಿ. ‘ಹೋದದ್ದೆಲ್ಲ ತಗೀತೀನಿ’ ಅನ್ನುವವನ ಕಣ್ಣು ಮುಂದಿನ ಲಾಭದ ಮೇಲೆ ಇಲ್ಲ, ಹಿಂದಿನ 70,000ದ ಮೇಲೆ ಇದೆ. ಬಯ್ಯಬೇಡಿ. ಅಪ್ಪ ಸ್ಟೋರೇಜಿನಲ್ಲಿ ಮಾಡಿದ್ದನ್ನೇ ಮಗ ಮೊಬೈಲ್‌ನಲ್ಲಿ ಮಾಡುತ್ತಿದ್ದಾನೆ. ಈ ಮಾತನ್ನು ಅಪ್ಪನ ಮುಂದೆ ಹೇಳಬೇಕೋ ಬೇಡವೋ ಅನ್ನುವುದು ನಿಮಗೆ ಬಿಟ್ಟಿದ್ದು. ಆ್ಯಪ್ ತೆಗೆದುಹಾಕಿ ತೋರಿಸಿದರೆ, ಅವನ ಹೆಸರಲ್ಲಿ ಪೋಸ್ಟ್ ಆಫೀಸಿನಲ್ಲಿ ತಿಂಗಳಿಗೆ ಎರಡು ಸಾವಿರದ ಆರ್‌ಡಿ ಶುರು ಮಾಡಲಿ. ಕಳೆದದ್ದು 70,000ಕ್ಕೆ ನಿಂತರೆ ಅದೇ ಅಗ್ಗ.

ಭಿಶಿ ಬಿಡಬೇಡಿ. ತಿಂಗಳು ತಿಂಗಳು ಎಷ್ಟು ಹಾಕುತ್ತೀರಿ ಅಂತ ಬರೆದಿಲ್ಲ. ಊರ ಭಿಶಿಯಲ್ಲಿ ನಾಲ್ಕು ಜನರ ಮುಂದೆ ತಪ್ಪಿಸಿಕೊಳ್ಳಲು ನಾಚಿಕೆ ಆಗುತ್ತದಲ್ಲ, ಆ ನಾಚಿಕೆಯೇ ಉಳಿತಾಯ ಮಾಡಿಸುತ್ತದೆ. ಆದರೆ ರಿಜಿಸ್ಟರ್ ಆಗದ ಭಿಶಿ ಮುಳುಗಿದರೆ ಹಿಡಿದು ಕೇಳಲು ಯಾರೂ ಇರುವುದಿಲ್ಲ. ಹಾಗಾಗಿ ಹೋದರೂ ತಡೆದುಕೊಳ್ಳುವಷ್ಟೇ ಹಾಕಿ. ಸವಾಲಿನ (ಹರಾಜಿನ) ಭಿಶಿ ಆಗಿದ್ದರೆ ಮೊದಲ ತಿಂಗಳುಗಳಲ್ಲಿ ಎತ್ತಬೇಡಿ, ಆಗ ಬಿಟ್ಟುಕೊಡಬೇಕಾದ ಕಸರು (ಕಡಿತ) ಜಾಸ್ತಿ. ಫೈನಾನ್ಸಿನಿಂದ ಬಂಗಾರ ಬಿಡಿಸುವ ದಿನ ಪೂರ್ತಿ ತೀರಿದ ರಸೀದಿ ಕೇಳಿ ತಗೊಳ್ಳಿ, ಬೋರಮಾಳ, ಪಾಟ್ಲಿ ಎರಡನ್ನೂ ಅಲ್ಲೇ ಕೌಂಟರ್ ಮುಂದೆ ತೂಕ ಮಾಡಿಸಿ, ಅಡ ಇಟ್ಟಾಗಿನ ಚೀಟಿಯ ಜೊತೆ ತಾಳೆ ನೋಡಿ.